ಲೂಸಿನ್ ಬಯಲಿನ ನಾಲ್ಕು ಕೊಳವೆಗಳು

ಸಾಲ್ಟ್ ಲೇಕ್ ಸಿಟಿಯ ಪೂರ್ವಕ್ಕೆ ನಿಂತ ವಾಸಾಚ್ ಬೆಟ್ಟಗಳ ಮೈಮೇಲೆ ಅಡ್ಡಗೆರೆಗಳಿವೆ. ಊರಿಗಿಂತ ನೂರಾರು ಅಡಿ ಮೇಲೆ, ಬೆಟ್ಟದಿಂದ ಬೆಟ್ಟಕ್ಕೆ, ಅಳತೆ ಹಿಡಿದು ಎಳೆದಷ್ಟು ಸಮವಾಗಿ ಸಾಗುತ್ತವೆ. ಹಿಮಯುಗದಲ್ಲಿ ಈ ಕಣಿವೆಗಳನ್ನೆಲ್ಲ ತುಂಬಿ ನಿಂತಿದ್ದ ಬಾನವಿಲ್ ಎಂಬ ಮಹಾಸರೋವರದ ಅಲೆಗಳು ಕಲ್ಲನ್ನು ಕೊರೆದು ಮಾಡಿದ ದಡಗಳು ಅವು. ನೀರು ಇಳಿದು ಹತ್ತು ಸಾವಿರ ವರ್ಷಗಳ ಮೇಲಾಯಿತು, ದಡ ಅಲ್ಲೇ ಉಳಿದಿದೆ. ಆ ಸರೋವರ ಒಣಗುತ್ತ ಒಣಗುತ್ತ ತಗ್ಗಿನಲ್ಲಿ ಉಳಿದ ಉಪ್ಪುನೀರೇ ಇವತ್ತಿನ ಗ್ರೇಟ್ ಸಾಲ್ಟ್ ಲೇಕ್. ನದಿಗಳು ಬಂದು ಸೇರುತ್ತವೆ, ಹೊರಗೆ ಹೋಗುವ ದಾರಿಯಿಲ್ಲ. ಬಂದ ನೀರೆಲ್ಲ ಆವಿಯಾಗಬೇಕು, ತಂದ ಉಪ್ಪೆಲ್ಲ ಅಲ್ಲೇ ಕೂರಬೇಕು.

ಜೂನ್ ಮೂರನೆಯ ವಾರ ನಾವು ಹೊರಟದ್ದು ಈ ಸರೋವರವನ್ನು ಉತ್ತರದಿಂದ ಬಳಸಿಕೊಂಡು, ಅದರಾಚೆಯ ಮರುಭೂಮಿಗೆ. ಅಲ್ಲಿ ಲೂಸಿನ್ ಎಂಬ ಜಾಗದ ಹತ್ತಿರ ನಾಲ್ಕು ದೊಡ್ಡ ಕಾಂಕ್ರೀಟ್ ಕೊಳವೆಗಳು ಮಲಗಿವೆ. 1973ರಿಂದ 1976ರವರೆಗೆ ದುಡಿದು ಅವನ್ನು ಅಲ್ಲಿಟ್ಟವರು ನ್ಯಾನ್ಸಿ ಹೋಲ್ಟ್. ಕೃತಿಯ ಹೆಸರು ‘ಸನ್ ಟನಲ್ಸ್’. ವರ್ಷದ ಅತಿ ಉದ್ದದ ಹಗಲು ಮತ್ತು ಅತಿ ಮೋಟು ಹಗಲಿನ ಆಸುಪಾಸಿನಲ್ಲಿ ಹುಟ್ಟುವ, ಮುಳುಗುವ ಸೂರ್ಯ ಈ ಕೊಳವೆಗಳ ನಟ್ಟನಡುವೆ ಬಂದು ಕೂರುತ್ತಾನೆ.

ನಾನು ಕಲಾಶಾಲೆಯಲ್ಲಿ ಕಲೆಯ ಇತಿಹಾಸ ಪಾಠ ಹೇಳುತ್ತಿದ್ದಾಗ ಹೋಲ್ಟ್ ಹೆಸರು ನಮ್ಮ ಟಿಪ್ಪಣಿಗಳಲ್ಲಿ ಒಂದೇ ಸಾಲಿನಲ್ಲಿ ಬಂದುಹೋಗುತ್ತಿತ್ತು, ಅದೂ ಗಂಡ ರಾಬರ್ಟ್ ಸ್ಮಿತ್ಸನ್ ಹೆಸರಿನ ಬೆನ್ನಿಗೆ. ಆಮೇಲೆ ಆಕೆಯ ಸಿನಿಮಾಗಳನ್ನು ನೋಡಿದೆ. ಮೊದಲು ನೋಡಿದ್ದು ‘ಸ್ವಾಂಪ್’, 1971ರದು, ಆರೇ ನಿಮಿಷ. ನ್ಯೂಜೆರ್ಸಿಯ ಜೌಗಿನಲ್ಲಿ ಆಳೆತ್ತರದ ಜೊಂಡಿನ ನಡುವೆ ಹೋಲ್ಟ್ ಬೋಲೆಕ್ಸ್ ಕ್ಯಾಮೆರಾವನ್ನು ಕಣ್ಣಿಗೆ ಒತ್ತಿಕೊಂಡು ನಡೆಯುತ್ತಾರೆ. ಆಕೆಗೆ ಕಾಣುವುದು ಮಸೂರದೊಳಗೆ ಸಿಕ್ಕಷ್ಟು ಮಾತ್ರ. ಹಿಂದಿನಿಂದ ಸ್ಮಿತ್ಸನ್ ಈ ಕಡೆ, ಆ ಕಡೆ, ನೇರ ಎಂದು ದಾರಿ ಹೇಳುತ್ತಾರೆ. ಜೊಂಡು ಮುಖಕ್ಕೆ ಬಡಿಯುತ್ತದೆ, ಪರದೆ ತುಂಬ ಒಣಕಡ್ಡಿಗಳು ಮುರಿಯುವ ಸದ್ದು. ಒಂದು ಕಿಂಡಿಯಿಂದ ನೋಡುವಾಗ ಲೋಕ ಎಷ್ಟು ಕಾಣುತ್ತದೆ, ಎಷ್ಟು ತಪ್ಪುತ್ತದೆ ಎಂಬುದನ್ನೇ ಈ ಕಲಾವಿದೆ ಜೀವನವಿಡೀ ಕೇಳಿಕೊಂಡರು ಎಂದು ನನಗೆ ಅವತ್ತೇ ಅನ್ನಿಸಿತು. ‘ಸನ್ ಟನಲ್ಸ್’ ಕಟ್ಟಿದ ಬಗೆಯನ್ನು ಆಕೆಯೇ ಅದೇ ಹೆಸರಿನ ಸಿನಿಮಾ ಮಾಡಿದ್ದಾರೆ. 1978ರದು, ಇಪ್ಪತ್ತಾರು ನಿಮಿಷ ಚಿಲ್ಲರೆ. ಅದನ್ನು ನೋಡಿದ ಮೇಲೆ ಆ ಬಯಲಿಗೆ ಹೋಗದೆ ಇರುವುದು ನನ್ನಿಂದ ಆಗಲಿಲ್ಲ.

ಅಣ್ಣನ ಮಗ ಸಾಲ್ಟ್ ಲೇಕ್ ಸಿಟಿಯಲ್ಲಿದ್ದಾನೆ. ಅವನಿಗೆ ಈ ಕೊಳವೆಗಳ ವಿಷಯ ಗೊತ್ತಿರಲಿಲ್ಲ. ನಕಾಶೆ ತೆಗೆದು ಬೆರಳಿಂದ ಹಿಗ್ಗಿಸಿ ಹಿಗ್ಗಿಸಿ ನೋಡಿದ.

“ಅತ್ತೆ, ಇಲ್ಲಿ ಏನೂ ಇಲ್ವಲ್ಲ. ಊರಿಲ್ಲ, ಅಂಗಡಿ ಇಲ್ಲ, ಒಂದು ಮರಾನೂ ಕಾಣ್ತಿಲ್ಲ.”

“ಅದಕ್ಕೇ ಅಲ್ಲಿಟ್ಟಿರೋದು ಕಣೋ. ನೀರು ಜಾಸ್ತಿ ತುಂಬ್ಕೋ.”

ನೀರು, ಚಪಾತಿ, ಚಟ್ನಿಪುಡಿ, ಎರಡು ಸ್ಲೀಪಿಂಗ್ ಬ್ಯಾಗು, ತುಂಬಿದ ಪೆಟ್ರೋಲ್ ಟ್ಯಾಂಕು. ಉತ್ತರದ ಹೆದ್ದಾರಿ ಹಿಡಿದು ಬ್ರಿಗಮ್ ಸಿಟಿ ದಾಟಿ ಪಶ್ಚಿಮಕ್ಕೆ ತಿರುಗಿದೆವು. ಬೇರ್ ನದಿ ಸರೋವರಕ್ಕೆ ಸೇರುವ ಜೌಗುಪ್ರದೇಶ ಎಡಗಡೆ ಹಸಿರಾಗಿ ಹರಡಿತ್ತು. ಅದು ದಾಟಿದ್ದೇ ಹಸಿರು ಮುಗಿಯಿತು. ಮುಂದೆ ರಾಕೆಟ್ ಕಾರ್ಖಾನೆಯೊಂದು ಸಿಗುತ್ತದೆ. ಬಾಹ್ಯಾಕಾಶ ನೌಕೆಗಳನ್ನು ಮೇಲೆತ್ತಿದ ಘನ ಇಂಧನದ ಬೂಸ್ಟರುಗಳು ತಯಾರಾಗುತ್ತಿದ್ದುದು ಇಲ್ಲೇ. ಹಳೆಯ ರಾಕೆಟ್ಟುಗಳನ್ನು ರಸ್ತೆ ಬದಿಯಲ್ಲಿ ನಿಲ್ಲಿಸಿದ್ದಾರೆ. ಅಳಿಯ ಅಲ್ಲಿ ಇಳಿದು ಫೋಟೊ ತೆಗೆದ.

ಅಲ್ಲಿಂದ ಮುಂದಿನದು ಪ್ರಾಮಂಟರಿ ಸಮಿಟ್. 1869ರ ಮೇ 10ರಂದು ಪೂರ್ವದಿಂದ ಬಂದ ಹಳಿ ಮತ್ತು ಪಶ್ಚಿಮದಿಂದ ಬಂದ ಹಳಿ ಇಲ್ಲಿ ಕೂಡಿ ಅಮೆರಿಕದ ಎರಡು ಕಡಲುಗಳಿಗೆ ರೈಲಿನ ನಂಟು ಬೆಸೆಯಿತು. ಪಶ್ಚಿಮದ ಹಳಿಗಾಗಿ ಸಿಯೆರಾ ನೆವಾಡದ ಬಂಡೆ ಒಡೆದು ಸುರಂಗ ಕೊರೆದವರಲ್ಲಿ ಹೆಚ್ಚಿನವರು ಚೀನಾದಿಂದ ಬಂದ ಕೂಲಿಗಳು. ಅವತ್ತಿನ ಪ್ರಸಿದ್ಧ ಛಾಯಾಚಿತ್ರದ ತುಂಬ ಟೋಪಿಯ ಗಂಡಸರು ಬಾಟಲಿ ಹಿಡಿದು ನಿಂತಿದ್ದಾರೆ, ಆ ಕೂಲಿಗಳನ್ನು ಅದರಲ್ಲಿ ಹುಡುಕುವ ಕಷ್ಟ ನೋಡಿದವರಿಗೆಲ್ಲ ಗೊತ್ತು. ಅಚ್ಚರಿಯೆಂದರೆ ಇಷ್ಟು ದೊಡ್ಡ ಹೆಸರಿನ ಈ ಹಳಿ ಹೆಚ್ಚು ಕಾಲ ಬಾಳಲಿಲ್ಲ. 1904ರಲ್ಲಿ ಸರೋವರದ ಮೇಲೆಯೇ ಮರದ ಕಂಬಗಳನ್ನು ನೆಟ್ಟು ಆಗ್ಡನ್‌ನಿಂದ ಲೂಸಿನ್‌ಗೆ ಅಡ್ಡದಾರಿ ಹಾಕಿದರು. ಅದರ ಹೆಸರೇ ಲೂಸಿನ್ ಕಟ್‌ಆಫ್. ಗುಡ್ಡ ಹತ್ತಿ ಇಳಿಯುವ ಹಳೆಯ ದಾರಿ ಮೂಲೆಗೆ ಬಿತ್ತು. 1942ರಲ್ಲಿ ಯುದ್ಧಕ್ಕೆ ಉಕ್ಕು ಬೇಕಾದಾಗ ಹಳಿಗಳನ್ನೇ ಕಿತ್ತರು.

ಈ ಅಡ್ಡದಾರಿಯನ್ನು ನೆನಪಿಟ್ಟುಕೊಳ್ಳಬೇಕು. ನಾವು ನೋಡಹೊರಟ ‘ಸನ್ ಟನಲ್ಸ್’ಗೂ ದಾರಿಯಲ್ಲಿ ಸಿಗುವ ಸ್ಮಿತ್ಸನ್‌ರ ‘ಸ್ಪೈರಲ್ ಜೆಟ್ಟಿ’ಗೂ ಅದು ತಾಗಿಕೊಂಡಿದೆ. ಮರದ ಸೇತುವೆ ಹಳತಾದ ಮೇಲೆ 1959ರಲ್ಲಿ ಅದರ ಪಕ್ಕದಲ್ಲೇ ಕಲ್ಲು ಮಣ್ಣು ಸುರಿದು ಒಡ್ಡು ಕಟ್ಟಿದರು. ಒಡ್ಡು ಸರೋವರವನ್ನು ಎರಡಾಗಿ ಸೀಳಿತು. ದೊಡ್ಡ ನದಿಗಳೆಲ್ಲ ದಕ್ಷಿಣದ ಪಾಲಿಗೆ ಸೇರುತ್ತವೆ, ಉತ್ತರದ ಪಾಲಿಗೆ ಸಿಹಿನೀರು ಬರುವುದು ತೀರ ಕಡಿಮೆ. ಅಲ್ಲಿ ಉಪ್ಪು ಏರುತ್ತ ಹೋಗಿ ಈಗ ಸಮುದ್ರದ ನೀರಿನ ಏಳೆಂಟು ಪಟ್ಟು ಆಗಿದೆ. ಅಂಥ ನೀರಿನಲ್ಲಿ ಬದುಕಬಲ್ಲ ಸೂಕ್ಷ್ಮಜೀವಿಗಳು ಮತ್ತು ಪಾಚಿ ಕೆಂಬಣ್ಣದವು. ಹಾಗಾಗಿ ಉತ್ತರದ ನೀರೇ ಗುಲಾಬಿ. ಕೆಂಪು ಉಪ್ಪುನೀರಿನ ಸರೋವರಕ್ಕಾಗಿ ಹುಡುಕುತ್ತಿದ್ದ ಸ್ಮಿತ್ಸನ್ 1970ರಲ್ಲಿ ಇಲ್ಲಿಗೆ ಬಂದರು.

ಪ್ರಾಮಂಟರಿಯಿಂದ ರೋಜೆಲ್ ಪಾಯಿಂಟ್‌ಗೆ ಇಪ್ಪತ್ತೈದು ಕಿಲೋಮೀಟರ್ ಜಲ್ಲಿರಸ್ತೆ. ದನಗಳ ಬೇಲಿ, ಬಿಳಿಚಿದ ಹುಲ್ಲು, ಕಪ್ಪು ಬಸಾಲ್ಟ್ ಬಂಡೆಗಳ ದಿಬ್ಬ. ಕೊನೆಯ ತಿರುವಿನಲ್ಲಿ ಸರೋವರದ ತಳ ಬೆಳ್ಳಗೆ ತೆರೆದುಕೊಂಡಿತು, ಅದರ ಮೇಲೆ ಕಪ್ಪಾಗಿ ‘ಸ್ಪೈರಲ್ ಜೆಟ್ಟಿ’. ದಡದಿಂದ ಹೊರಟು ಎಡಕ್ಕೆ ಸುತ್ತಿಕೊಳ್ಳುವ 1,500 ಅಡಿ ಉದ್ದ, 15 ಅಡಿ ಅಗಲದ ಕಲ್ಲುದಾರಿ. ಆಗ್ಡನ್‌ನ ಗುತ್ತಿಗೆದಾರ ಬಾಬ್ ಫಿಲಿಪ್ಸ್ ಲಾರಿ, ಲೋಡರುಗಳನ್ನು ನೀರಿಗಿಳಿಸಿ ಆರು ಸಾವಿರ ಟನ್ನಿಗೂ ಮಿಕ್ಕಿದ ಕಲ್ಲು ಮಣ್ಣು ಸುರಿದು ಅದನ್ನು ಕಟ್ಟಿದರು. ಕಟ್ಟಿ ಮುಗಿಸಿದ ಆಕಾರ ಸ್ಮಿತ್ಸನ್‌ಗೆ ಹಿಡಿಸಲಿಲ್ಲ. ಯಂತ್ರಗಳನ್ನು ಮತ್ತೆ ಕರೆಸಿ, ಹಾಕಿದ ಬಂಡೆಗಳನ್ನು ಎತ್ತಿಸಿ ಸುರುಳಿಯನ್ನು ಪೂರ್ತಿ ಮಾಡಿಸಿದರು.

ಕಟ್ಟುವಾಗ ಸುತ್ತ ನೀರಿತ್ತು. ಎರಡು ವರ್ಷಕ್ಕೆಲ್ಲ ಸರೋವರ ಏರಿ ಸುರುಳಿಯನ್ನು ಮುಳುಗಿಸಿತು. ಸುಮಾರು ಮೂವತ್ತು ವರ್ಷ ಅದು ಇದ್ದದ್ದು ಬಹುಮಟ್ಟಿಗೆ ನೀರಿನಡಿ. ಆ ಕಾಲದಲ್ಲಿ ಜನ ಅದನ್ನು ಕಂಡದ್ದು ಸ್ಮಿತ್ಸನ್ ಮಾಡಿದ ಅದೇ ಹೆಸರಿನ ಸಿನಿಮಾದಲ್ಲಿ ಮತ್ತು ಒಂದಿಷ್ಟು ಫೋಟೊಗಳಲ್ಲಿ. ಆ ಸಿನಿಮಾದ ಕ್ಯಾಮೆರಾ ಹಿಡಿದವರಲ್ಲಿ ಹೋಲ್ಟ್ ಒಬ್ಬರು. ಲಾರಿಗಳು ಬಂಡೆ ಸುರಿಯುವ ದೃಶ್ಯದ ನಡುವೆ ಡೈನೊಸಾರ್ ಎಲುಬುಗಳು ಬರುತ್ತವೆ. ಸ್ಮಿತ್ಸನ್ ಸುರುಳಿಯ ಮೇಲೆ ಒಳಮುಖವಾಗಿ ಓಡುವುದನ್ನು ಹೆಲಿಕಾಪ್ಟರ್ ಬೆನ್ನಟ್ಟುತ್ತದೆ. ದಿಕ್ಕು ದಿಕ್ಕಿನ ಹೆಸರು ಹೇಳಿ ಪ್ರತಿ ದಿಕ್ಕಿನಲ್ಲೂ ಅದೇ ಕೆಸರು, ಅದೇ ಉಪ್ಪು, ಅದೇ ಕಲ್ಲು, ಅದೇ ನೀರು ಎಂದು ಅವರ ದನಿ ಪಟ್ಟಿ ಓದುತ್ತದೆ. 2002ರ ಹೊತ್ತಿಗೆ ನೀರು ಇಳಿಯಿತು, ಸುರುಳಿ ಉಪ್ಪಿನ ಬಿಳಿ ಹೊದ್ದು ಮೇಲೆದ್ದಿತು.

ನಾವು ಹೋದಾಗ ಅದರ ಸುತ್ತ ನೀರೇ ಇರಲಿಲ್ಲ. ಸುರುಳಿಯ ಸುತ್ತುಗಳ ನಡುವೆ ಮರಳು ತುಂಬಿಕೊಂಡಿದೆ. ಕಲ್ಲುದಾರಿಯ ಮೇಲೆ ಒಳಗೊಳಗೆ ನಡೆದು ನಡುವಿಗೆ ತಲುಪಿದರೆ ಮುಂದೆ ಉಪ್ಪಿನ ಬಯಲು, ಅದರಾಚೆ ದೂರದಲ್ಲಿ ಗುಲಾಬಿ ಗೆರೆ. ಆ ಗೆರೆಯವರೆಗೂ ನಡೆದೆವು. ಕಾಲಡಿ ಉಪ್ಪು ಮುರಿಯುತ್ತಿತ್ತು. ಡಾಂಬರಿನ ಕಮಟು ವಾಸನೆ ಬಂತು. ರೋಜೆಲ್ ಪಾಯಿಂಟ್‌ನಲ್ಲಿ ನೆಲದಿಂದ ತಾನಾಗಿಯೇ ಡಾಂಬರು ಒಸರುತ್ತದೆ, ಒಂದು ಕಾಲಕ್ಕೆ ಎಣ್ಣೆಗಾಗಿ ಬಾವಿ ಕೊರೆದವರೂ ಇದ್ದರು. ಅದರ ಕಪ್ಪು ಮಡುವಿನಲ್ಲಿ ಹಕ್ಕಿಗಳು ಸಿಕ್ಕಿ ಸಾಯುವುದುಂಟು.

“ಇದು ನೀರಲ್ಲಿದ್ರೇನೇ ಚೆನ್ನಾಗಿರ್ತಿತ್ತು ಅಲ್ವಾ ಅತ್ತೆ?” ಎಂದ ಅಳಿಯ. ನನಗೂ ಹಾಗೇ ಅನ್ನಿಸಿತು, ಚಂದದ ಮಾತಿಗಷ್ಟೇ ಅಲ್ಲ. ಈ ಸುರುಳಿ ಈಗ ಸರೋವರದ ಅಳತೆಗೋಲು. ಸರೋವರದ ಮಟ್ಟ ಸಮುದ್ರಮಟ್ಟದಿಂದ ಸುಮಾರು 4,195 ಅಡಿಗಿಂತ ಕೆಳಗಿಳಿದರೆ ಕಲ್ಲು ಕಾಣುತ್ತದೆ. 2022ರ ನವೆಂಬರ್‌ನಲ್ಲಿ ದಕ್ಷಿಣದ ಪಾಲಿನ ಮಟ್ಟ 4,188.5 ಅಡಿಗೆ ಇಳಿದು, ಅಳತೆ ಶುರುವಾದಾಗಿನಿಂದ ಕಂಡ ಅತಿ ಕೆಳಗಿನ ಮಟ್ಟವಾಯಿತು. ಬರಗಾಲ ಒಂದು ಕಾರಣ. ಅದಕ್ಕಿಂತ ದೊಡ್ಡ ಕಾರಣ, ಸರೋವರಕ್ಕೆ ಬರಬೇಕಾದ ನದಿಗಳ ನೀರನ್ನು ಮೇಲೆಯೇ ಕಾಲುವೆಗಳಿಗೆ ತಿರುಗಿಸುವುದು. ಅದರ ದೊಡ್ಡ ಪಾಲು ದನದ ಮೇವಿನ ಕುದುರೆಮಸಾಲೆ ಹೊಲಗಳಿಗೆ ಹೋಗುತ್ತದೆ. ಬತ್ತಿದ ತಳದಲ್ಲಿ ಆರ್ಸೆನಿಕ್ ಇರುವ ಧೂಳಿದೆ, ಗಾಳಿ ಬಂದರೆ ಅದು ಏಳುವುದು ಲಕ್ಷಾಂತರ ಜನರ ಊರುಗಳ ಕಡೆಗೆ. ನೀರಿನಲ್ಲಿ ಬೆಳೆಯುವ ಸಣ್ಣ ಉಪ್ಪುಸೀಗಡಿಯನ್ನು ನಂಬಿ ಲಕ್ಷಗಟ್ಟಲೆ ವಲಸೆ ಹಕ್ಕಿಗಳು ಇಲ್ಲಿಗೆ ಬರುತ್ತವೆ. ಸ್ಮಿತ್ಸನ್ ಇದನ್ನೆಲ್ಲ ಹೇಳಹೊರಟವರಲ್ಲ. ಆದರೆ ಅವರಿಟ್ಟ ಕಲ್ಲು ಇದನ್ನು ಹೇಳುತ್ತಿದೆ, ಅದನ್ನು ಕೇಳಿಸಿಕೊಳ್ಳದೆ ಆಕಾರದ ಸೊಬಗಷ್ಟನ್ನೇ ಮಾತಾಡುವುದು ಈಗ ಸಲ್ಲದು.

ಅಲ್ಲಿಂದ ಮರಳಿ ಹೆದ್ದಾರಿಗೆ ಬಂದು ಸ್ನೋವಿಲ್ ಎಂಬ ಪುಟ್ಟ ಊರಿನಲ್ಲಿ ಪೆಟ್ರೋಲ್ ತುಂಬಿಸಿಕೊಂಡೆವು. ಮುಂದೆ ಯೂಟಾದ 30ನೇ ನಂಬರಿನ ರಸ್ತೆ. ಪಾರ್ಕ್ ವ್ಯಾಲಿಯ ಕೆಲವು ಮನೆಗಳು ಹಿಂದೆ ಸರಿದ ಮೇಲೆ ಎದುರಿಗೆ ಬರುವ ವಾಹನವೂ ಅಪರೂಪ. ಇದು ಗ್ರೇಟ್ ಬೇಸಿನ್, ಬಿದ್ದ ಮಳೆ ಕಡಲಿಗೆ ಸೇರದ ಸೀಮೆ. ಕಣ್ಣು ಹರಿಯುವಷ್ಟು ದೂರ ಸೇಜ್ ಎಂಬ ಬೂದುಹಸಿರಿನ ಕುರುಚಲು. ಕಿಟಕಿ ಇಳಿಸಿದರೆ ಅದರ ಕಹಿಯಾದ ಕಂಪು ಕಾರಿನೊಳಕ್ಕೆ ನುಗ್ಗುತ್ತದೆ. ದೂರದಲ್ಲಿ ಒಂದೆರಡು ಪ್ರಾಂಗ್‌ಹಾರ್ನ್ ಜಿಂಕೆಗಳು ನಿಂತು ನೋಡಿ ಓಡಿದವು.

ಈ ಸೀಮೆಗೆ ಹೋಲ್ಟ್ ಬಂದ ಬಗೆಯನ್ನು ಇಲ್ಲೇ ಹೇಳಬೇಕು. ಅವರು ಹುಟ್ಟಿದ್ದು 1938ರಲ್ಲಿ, ಮ್ಯಾಸಚೂಸೆಟ್ಸ್‌ನ ವೂಸ್ಟರ್‌ನಲ್ಲಿ. ಬೆಳೆದದ್ದು ನ್ಯೂಜೆರ್ಸಿಯಲ್ಲಿ, ಓದಿದ್ದು ಜೀವಶಾಸ್ತ್ರ. 1968ರಲ್ಲಿ ಸ್ಮಿತ್ಸನ್ ಮತ್ತು ಕಲಾವಿದ ಮೈಕೆಲ್ ಹೈಜರ್ ಜೊತೆ ಮೊದಲ ಸಲ ಪಶ್ಚಿಮದ ಮರುಭೂಮಿಯನ್ನು ಕಂಡಾಗ ನಾಲ್ಕು ದಿನ ನಿದ್ದೆ ಬರಲಿಲ್ಲವಂತೆ. ಒಳಗಿನ ಬಯಲೂ ಹೊರಗಿನ ಬಯಲೂ ಒಂದೇ ಎಂಬ ಭಾವ ತನಗೆ ಬಂತೆಂದು ಅವರು ಹೇಳಿಕೊಂಡಿದ್ದಾರೆ. ಆಮೇಲಿನ ವರ್ಷಗಳಲ್ಲಿ ಅವರು ‘ಲೊಕೇಟರ್’ ಎಂಬ ಕೃತಿಗಳನ್ನು ಮಾಡಿದರು. ಕಣ್ಣಿನ ಎತ್ತರಕ್ಕೆ ನಿಲ್ಲಿಸಿದ ಸಣ್ಣ ಉಕ್ಕಿನ ಕೊಳವೆ, ಅಷ್ಟೇ. ಒಂದು ಕಣ್ಣಿಟ್ಟು ನೋಡಬೇಕು. ಎದುರಿನ ಕಟ್ಟಡದ ಒಂದು ಕಿಟಕಿಯೋ ಗೋಡೆಯ ಬಿರುಕೋ ದುಂಡಗೆ ಕಾಣುತ್ತದೆ.

1973ರ ಜುಲೈ 20ರಂದು ಟೆಕ್ಸಾಸ್‌ನ ಅಮರಿಲೊ ಹತ್ತಿರ, ಹೊಸ ಕೃತಿಯ ಜಾಗವನ್ನು ಮೇಲಿನಿಂದ ನೋಡುತ್ತಿದ್ದ ಸ್ಮಿತ್ಸನ್‌ರ ಸಣ್ಣ ವಿಮಾನ ಬಿತ್ತು. ಅವರಿಗೆ ಮೂವತ್ತೈದು ವರ್ಷ. ಹೋಲ್ಟ್ ಗೆಳೆಯರಾದ ರಿಚರ್ಡ್ ಸೆರಾ, ಟೋನಿ ಶಫ್ರಾಜಿ ಜೊತೆ ನಿಂತು ಆ ‘ಅಮರಿಲೊ ರ‍್ಯಾಂಪ್’ ಕೆಲಸವನ್ನು ಮುಗಿಸಿದರು. ‘ಸನ್ ಟನಲ್ಸ್’ ಮೊಳೆತದ್ದೂ ಅದೇ ವರ್ಷ, ಅದೇ ಅಮರಿಲೊದ ಬಯಲಿನಲ್ಲಿ. ನ್ಯೂ ಮೆಕ್ಸಿಕೊ, ಅರಿಜೋನಾ, ಯೂಟಾ ಎಂದು ಜಾಗಕ್ಕಾಗಿ ಅಲೆದು 1974ರಲ್ಲಿ ಲೂಸಿನ್ ಹತ್ತಿರ ನಲವತ್ತು ಎಕರೆ ಕೊಂಡರು. ಗಂಡ ತೀರಿಕೊಂಡ ಮೇಲೆ ಅವರ ಕೃತಿಗಳ ಉಸ್ತುವಾರಿಯೂ ಹೋಲ್ಟ್ ಹೆಗಲಿಗೆ ಬಂತು. ಆ ಕೆಲಸಕ್ಕೆ ಹೋದ ವರ್ಷಗಳೆಷ್ಟೋ. ‘ಸ್ಪೈರಲ್ ಜೆಟ್ಟಿ’ಯ ಬಗ್ಗೆ ಪುಸ್ತಕದ ಮೇಲೆ ಪುಸ್ತಕ ಬಂದಾಗಲೂ ಆಕೆಯ ಕೊಳವೆಗಳಿಗೆ ಅಡಿಟಿಪ್ಪಣಿಯ ಜಾಗ ಸಿಕ್ಕಿತು. ಇದು ಅನ್ಯಾಯ, ಮತ್ತು ಎರಡನ್ನೂ ಒಂದೇ ಪ್ರಯಾಣದಲ್ಲಿ ಕಂಡ ಮೇಲೆ ನನಗೆ ಇನ್ನೂ ದೊಡ್ಡ ಅನ್ಯಾಯವಾಗಿ ಕಾಣುತ್ತದೆ.

ಲೂಸಿನ್ ಎಂಬ ಊರು ಈಗಿಲ್ಲ. ಒಂದು ಕಾಲದ ರೈಲು ಠಾಣೆ. ಹಳಿ ಇದೆ, ಉದ್ದನೆಯ ಗೂಡ್ಸ್ ಗಾಡಿಗಳು ಓಡಾಡುತ್ತವೆ. ಗಾಡಿಗಳ ಉಗಿಯಂತ್ರಕ್ಕೆ ನೀರು ಕೊಡಲೆಂದು ಮಾಡಿದ್ದ ಸಣ್ಣ ಕೊಳ, ಅದರ ದಡದ ನಾಲ್ಕಾರು ಮರ ಉಳಿದಿವೆ. ಸರೋವರವನ್ನು ಸೀಳಿ ನೀರನ್ನು ಕೆಂಪಾಗಿಸಿದ ಅಡ್ಡದಾರಿ ಬಂದು ಸೇರುವುದು ಇಲ್ಲಿಗೇ. ಬೆಳಿಗ್ಗೆ ಕೆಂಪುನೀರಿನ ದಡದಲ್ಲಿದ್ದೆವು, ಸಂಜೆಗೆ ಅದನ್ನು ಕೆಂಪು ಮಾಡಿದ ಹಳಿಯ ಇನ್ನೊಂದು ತುದಿಯಲ್ಲಿದ್ದೆವು.

ಮಣ್ಣುರಸ್ತೆಯಲ್ಲಿ ಸ್ವಲ್ಪ ಮುಂದೆ ಹೋದಾಗ ಬಯಲಿನಲ್ಲಿ ನಾಲ್ಕು ಬೂದುಬಣ್ಣದ ಚುಕ್ಕೆಗಳು ಕಂಡವು. “ಅಷ್ಟೇನಾ?” ಎಂದ ಅಳಿಯ. ಬಯಲಿನ ಅಗಾಧತೆಯ ಮುಂದೆ ಅವು ನಿಜಕ್ಕೂ ಏನೂ ಅಲ್ಲ. ಹತ್ತಿರ ಹೋದಂತೆ ಬೆಳೆದವು. ಒಂದೊಂದೂ 18 ಅಡಿ ಉದ್ದ, ಹೊರಗಿನಿಂದ 9 ಅಡಿಗೂ ತುಸು ಮಿಕ್ಕ ಎತ್ತರ, ಒಳಗೆ 8 ಅಡಿ. ಒಂದೊಂದರ ತೂಕ 22 ಟನ್. ನಾಲ್ಕನ್ನೂ ಗುಣಾಕಾರದ ಗುರುತಿನಂತೆ, ನಡುವೆ ಖಾಲಿ ಬಿಟ್ಟು ಇಟ್ಟಿದ್ದಾರೆ. ಒಳಗೆ ನೇರ ನಿಂತು ನಡೆಯಬಹುದು. ಹೊರಗೆ ಬಿಸಿಲು ಸುಡುತ್ತಿದ್ದರೆ ಒಳಗೆ ತಂಪು. ಮಾತಾಡಿದರೆ ದನಿ ಗುಂಡಗೆ ಸುತ್ತಿ ಮರಳುತ್ತದೆ.

ಒಳಗೆ ನಿಂತು ಹೊರಗೆ ನೋಡಿದಾಗಲೇ ಕೆಲಸ ತಿಳಿಯುವುದು. ಹೊರಗೆ ನಿಂತಾಗ ಕಣ್ಣು ಎಲ್ಲೂ ನಿಲ್ಲುವುದಿಲ್ಲ. ಬೆಟ್ಟಸಾಲು, ಬಯಲು, ಮತ್ತೊಂದು ಬೆಟ್ಟಸಾಲು, ಎಲ್ಲ ಒಟ್ಟಿಗೆ ನುಗ್ಗಿ ಕಡೆಗೆ ಯಾವುದೂ ಕಾಣದೆ ಹೋಗುತ್ತದೆ. ಕೊಳವೆಯ ದುಂಡು ಅಂಚಿನೊಳಗೆ ಒಂದು ಬೆಟ್ಟ, ಅದರ ಬುಡದ ನೆರಳು, ಒಂದು ಮೋಡ ಮಾತ್ರ. ಎರಡು ಹೆಜ್ಜೆ ಹಿಂದೆ ಸರಿದರೆ ದುಂಡು ಸಣ್ಣದಾಗುತ್ತದೆ, ಎದುರಿನ ಕೊಳವೆಯೊಳಗಿನ ದುಂಡು ಅದರೊಳಗೆ ಸೇರುತ್ತದೆ. ಮನುಷ್ಯನ ಅಳತೆಗೆ ಸಿಕ್ಕದ ಬಯಲನ್ನು ಮನುಷ್ಯನ ಅಳತೆಗೆ ತರಬೇಕೆಂದು ಹೋಲ್ಟ್ ಬಯಸಿದ್ದರು. ಸ್ಮಿತ್ಸನ್ ನಮಗೆ ನೋಡಲು ಒಂದು ವಸ್ತುವನ್ನು ಕೊಟ್ಟರು, ಹೋಲ್ಟ್ ನೋಡುವ ಜಾಗವನ್ನು ಕೊಟ್ಟರು. ಎರಡನೆಯದೇ ದೊಡ್ಡದೆಂದು ನಾನು ನಂಬುತ್ತೇನೆ.

ಕೊಳವೆಗಳ ಮೇಲ್ಭಾಗದಲ್ಲಿ ತೂತುಗಳಿವೆ. ನಾಲ್ಕು ಕೊಳವೆಗಳಿಗೆ ನಾಲ್ಕು ನಕ್ಷತ್ರಪುಂಜಗಳು: ಡ್ರೇಕೊ ಎಂಬ ಮಹಾಸರ್ಪ, ಪರ್ಸಿಯಸ್, ಕೊಲಂಬಾ ಎಂಬ ಪಾರಿವಾಳ, ಮಕರ. ತಾರೆ ಎಷ್ಟು ಪ್ರಕಾಶವೋ ತೂತು ಅಷ್ಟು ದೊಡ್ಡದು, ಏಳು ಅಂಗುಲದಿಂದ ಹತ್ತು ಅಂಗುಲದವರೆಗೆ. ಬಿಸಿಲು ಇವುಗಳ ಮೂಲಕ ಇಳಿದು ಒಳಗಿನ ತಳದಲ್ಲಿ ಬೆಳಕಿನ ಬಿಲ್ಲೆಗಳಾಗುತ್ತದೆ. ಸೂರ್ಯ ಸರಿದಂತೆ ಬಿಲ್ಲೆಗಳು ನಿಧಾನವಾಗಿ ಗೋಡೆ ಹತ್ತುತ್ತವೆ, ದುಂಡಗಿದ್ದವು ಮೊಟ್ಟೆಯಾಕಾರಕ್ಕೆ ಎಳೆದುಕೊಳ್ಳುತ್ತವೆ. ಮೋಡ ಬಂದರೆ ಎಲ್ಲ ಒಮ್ಮೆಗೇ ಅಳಿಸಿ, ಮೋಡ ಸರಿದಾಗ ಒಂದಿಷ್ಟು ಆಚೆಗೆ ಮೂಡುತ್ತವೆ. ಹಗಲು ಹೊತ್ತಿನಲ್ಲಿ ನಕ್ಷತ್ರಗಳು ಕಾಲಡಿ ಇರುತ್ತವೆ, ಅವುಗಳ ಮೇಲೆ ನಡೆಯಬಹುದು. ಒಂದು ಬಿಲ್ಲೆಯ ಪಕ್ಕ ಬೆರಳಿಟ್ಟು ಕೂತೆ. ಅದು ಬೆರಳನ್ನು ದಾಟಿಹೋಯಿತು. ಭೂಮಿ ತಿರುಗುತ್ತದೆ ಎಂದು ಚಿಕ್ಕಂದಿನಿಂದ ಓದಿದ್ದೇನೆ, ಅದು ತಿರುಗುವುದನ್ನು ಕಣ್ಣಾರೆ ಕಂಡದ್ದು ಆಗ.

ಇಲ್ಲೇ ಸಿನಿಮಾ ಯಾಕೆ ಬೇಕಾಯಿತೆಂಬುದೂ ಹೊಳೆಯುತ್ತದೆ. ‘ಸನ್ ಟನಲ್ಸ್’ನ ಫೋಟೊ ಎಂದರೆ ಕೊಳವೆಯ ನಡುವೆ ಕೂತ ಕೆಂಪು ಸೂರ್ಯ, ಒಂದು ಗಳಿಗೆಯದು. ಕೃತಿ ಇರುವುದು ಆ ಗಳಿಗೆಯ ಹಿಂದೆ ಮುಂದೆ ಹರಡಿದ ಗಂಟೆಗಳಲ್ಲಿ, ದಿನಗಳಲ್ಲಿ. ಹೋಲ್ಟ್ ಸಿನಿಮಾದಲ್ಲಿ ದಿನವಿಡೀ ಸರಿಯುವ ಬೆಳಕಿನ ಬಿಲ್ಲೆಗಳು ಕೆಲವೇ ಕ್ಷಣಗಳಲ್ಲಿ ಗೋಡೆಯ ಮೇಲೆ ಹಾದುಹೋಗುತ್ತವೆ. ಅದಕ್ಕಿಂತಲೂ ನನಗೆ ಪ್ರಿಯವಾದದ್ದು ಸಿನಿಮಾದ ಬಹುಪಾಲನ್ನು ತುಂಬಿಕೊಂಡಿರುವ ಕೆಲಸಗಾರರು. ಕಾಂಕ್ರೀಟ್ ಅಚ್ಚು ಹಾಕುವವರು, ತೂತು ಕೊರೆಯುವವರು, ಕೊಳವೆ ಹೊತ್ತ ಲಾರಿಗಳು, ಕ್ರೇನ್ ನಡೆಸುವವನು, ಸರ್ವೆ ಮಾಡುವವರು. ಈ ಕೃತಿಗೆ ದುಡಿದವರ ಪಟ್ಟಿಯನ್ನು ಹೋಲ್ಟ್ 1977ರ ‘ಆರ್ಟ್‌ಫೋರಂ’ ಪತ್ರಿಕೆಯ ಲೇಖನದಲ್ಲಿ ಕೊಟ್ಟಿದ್ದಾರೆ. ಎಂಜಿನಿಯರುಗಳಿಂದ, ಖಗೋಳ ವಿಜ್ಞಾನಿಯಿಂದ ಹಿಡಿದು ಗುಂಡಿ ತೋಡಿದವರ ತನಕ ಎಲ್ಲರೂ ಅದರಲ್ಲಿದ್ದಾರೆ. ಪ್ರಾಮಂಟರಿಯ ಛಾಯಾಚಿತ್ರವನ್ನು ಅದೇ ದಿನ ನೆನೆದುಕೊಂಡು ಬಂದವಳಿಗೆ ಈ ಪಟ್ಟಿಯ ಬೆಲೆ ಇನ್ನಷ್ಟು ಹೆಚ್ಚಾಯಿತು.

ಸಂಜೆಯಾದಂತೆ ಕಾರುಗಳು ಒಂದೊಂದಾಗಿ ಬಂದವು. ಕುರ್ಚಿ ಹಾಕಿಕೊಂಡು ಕೂತ ಮುದುಕರು, ನಾಯಿಗಳು, ಮಕ್ಕಳು, ಯಾರೋ ಕೊಳವೆಯೊಳಗೆ ಕೂತು ಕೊಳಲು ನುಡಿಸಿದರು. ಐಡಾಹೊದಿಂದ ಬಂದಿದ್ದ ವಯಸ್ಸಾದ ಹೆಂಗಸೊಬ್ಬರು ನನ್ನನ್ನು ಕರೆದು ಎಲ್ಲಿ ನಿಲ್ಲಬೇಕೆಂದು ತೋರಿಸಿದರು. ಬೇಸಿಗೆಯ ಸೂರ್ಯ ಮುಳುಗುವುದು ವಾಯವ್ಯದಲ್ಲಿ. ಹಾಗಾಗಿ ಆಗ್ನೇಯದ ಕೊಳವೆಯೊಳಗೆ ನಿಂತು, ನಡುವಿನ ಖಾಲಿಯನ್ನು ದಾಟಿ, ಎದುರಿನ ಕೊಳವೆಯೊಳಗಿಂದ ನೋಡಬೇಕು. ಇದೇ ಜೋಡಿ ಚಳಿಗಾಲಕ್ಕೆ ತಿರುಗುಮುರುಗಾಗುತ್ತದೆ, ಡಿಸೆಂಬರ್‌ನ ಸೂರ್ಯ ಆಗ್ನೇಯದ ತುದಿಯಲ್ಲಿ ಹುಟ್ಟುತ್ತಾನೆ. ಇನ್ನೊಂದು ಜೋಡಿಯಲ್ಲಿ ಜೂನ್‌ನ ಹುಟ್ಟು ಈಶಾನ್ಯಕ್ಕೆ, ಡಿಸೆಂಬರ್‌ನ ಮುಳುಗು ನೈಋತ್ಯಕ್ಕೆ. ನಾಲ್ಕು ಕೊಳವೆಗಳಲ್ಲಿ ವರ್ಷದ ನಾಲ್ಕೂ ಮೂಲೆಗಳು ಮುಗಿದವು.

ಒಂಬತ್ತು ಗಂಟೆಯ ಹೊತ್ತಿಗೆ ಸೂರ್ಯ ಕೊಳವೆಯ ಬಾಯೊಳಗೆ ಇಳಿದ. ಒಳಗಿನ ಗೋಡೆಯ ಒರಟು ಬೂದುಬಣ್ಣ ಮೊದಲು ಹಳದಿಗೆ, ಆಮೇಲೆ ತಾಮ್ರಕ್ಕೆ ತಿರುಗಿತು. ಸರದಿಯಲ್ಲಿ ಎಲ್ಲರೂ ಒಳಗೆ ನಿಂತು ಮುಂದಿನವರಿಗೆ ಜಾಗ ಬಿಟ್ಟರು, ಯಾರೂ ಹೇಳಬೇಕಾಗಲಿಲ್ಲ. ಬೆಂಗಳೂರಿನ ಗವಿಪುರದಲ್ಲಿ ಸಂಕ್ರಾಂತಿಯ ಸಂಜೆ ಬಿಸಿಲು ನಂದಿಯ ಕೊಂಬುಗಳ ನಡುವೆ ಹಾದು ಗಂಗಾಧರೇಶ್ವರನನ್ನು ಮುಟ್ಟುವುದಕ್ಕಾಗಿ ಕಾದು ನಿಂತ ಜನರ ನಡುವೆ ನಾನೂ ನಿಂತಿದ್ದೇನೆ. ಅಲ್ಲಿ ಬೆಳಕು ದೇವರಿಗೆ ಸಲ್ಲುತ್ತದೆ, ನಾವು ಪಕ್ಕದಲ್ಲಿದ್ದು ಕಣ್ತುಂಬಿಕೊಳ್ಳುತ್ತೇವೆ. ಇಲ್ಲಿ ಬೆಳಕು ಬರುವ ದಾರಿಯ ಕೊನೆಯಲ್ಲಿ ನಿಂತಿರುವುದು ನೋಡುವವರೇ. ನನ್ನ ಸರದಿ ಬಂದಾಗ ಆ ಕೆಂಪು ಬೆಳಕು ನೇರ ಎದೆಗೆ ಬಿತ್ತು. ಕೈಮುಗಿಯುವುದೋ ಬೇಡವೋ ಎಂದು ಯೋಚಿಸುವ ಮೊದಲೇ ಕೈ ಮುಗಿದಿದ್ದೆ.

ರಾತ್ರಿ ಅಲ್ಲೇ ಉಳಿದೆವು. ಹತ್ತಿರದಲ್ಲಿ ಒಂದು ದೀಪವೂ ಇಲ್ಲದ ಜಾಗ. ಡ್ರೇಕೊ ನೆತ್ತಿಯ ಹತ್ತಿರ ಮೈ ಬಿಚ್ಚಿಕೊಂಡಿತ್ತು. ನಡುರಾತ್ರಿ ದಾಟಿದ ಮೇಲೆ ಆಗ್ನೇಯದಲ್ಲಿ ಮಕರ ಏರಿತು. ಅಳಿಯ ಫೋನಿನ ನಕ್ಷತ್ರಪಟ ಹಿಡಿದು ಪರ್ಸಿಯಸ್ ಈಶಾನ್ಯದಲ್ಲಿ ಏಳುವವರೆಗೂ ಎಚ್ಚರವಿದ್ದ. ಪಾರಿವಾಳ ಮಾತ್ರ ಚಳಿಗಾಲದ್ದು, ಜೂನ್ ರಾತ್ರಿಗಳಲ್ಲಿ ಸಿಗುವುದಿಲ್ಲ. ಬೇಸಿಗೆಯಾದರೂ ಮರುಭೂಮಿಯ ಚಳಿ ಮೂಳೆಗಿಳಿಯಿತು.

ಬೆಳಿಗ್ಗೆ ಆರರ ಹೊತ್ತಿಗೆ ಇನ್ನೊಂದು ಜೋಡಿಯಲ್ಲಿ ಸೂರ್ಯ ಹುಟ್ಟಿದ. ಸಂಜೆಯ ಜನರಲ್ಲಿ ಅರ್ಧದಷ್ಟೂ ಉಳಿದಿರಲಿಲ್ಲ. ಸಂಜೆಯ ಸೂರ್ಯ ನಿಧಾನಿಸಿದಂತಿದ್ದ, ಬೆಳಗಿನವನು ಬೆಟ್ಟದಂಚು ಬಿಟ್ಟ ಕೂಡಲೇ ಓರೆಯಾಗಿ ಮೇಲೇರಿ ಕೊಳವೆಯ ನಡುವಿನಿಂದ ಜಾರಿಬಿಟ್ಟ. ತಪ್ಪಿದವರಿಗೆ ಮರುದಿನವಿದೆ. ಅತಿ ಉದ್ದದ ಹಗಲಿನ ಹಿಂದೆ ಮುಂದೆ ಸುಮಾರು ಹತ್ತು ದಿನ ಸೂರ್ಯ ಹೆಚ್ಚುಕಡಿಮೆ ಇದೇ ಜಾಗದಲ್ಲಿ ಬರುತ್ತಾನೆ. ಹೋಲ್ಟ್ 2014ರ ಫೆಬ್ರುವರಿಯಲ್ಲಿ ತೀರಿಕೊಂಡರು. 2018ರಲ್ಲಿ ಕೃತಿಯ ಹೊಣೆಯನ್ನು ಡಯಾ ಆರ್ಟ್ ಫೌಂಡೇಶನ್ ವಹಿಸಿಕೊಂಡಿತು, ‘ಸ್ಪೈರಲ್ ಜೆಟ್ಟಿ’ 1999ರಿಂದಲೇ ಅವರ ಬಳಿಯಿದೆ. ಈ ಬಯಲಿಗೆ ಬೇಲಿ ಹಾಕಿಲ್ಲ, ಟಿಕೆಟ್ ಇಟ್ಟಿಲ್ಲ. ಅದು ಹಾಗೇ ಇರಲಿ.

ಮರಳುವಾಗ ದಕ್ಷಿಣದ ದಾರಿ ಹಿಡಿದೆವು. ಪೈಲಟ್ ಪೀಕ್ ಎಡಕ್ಕೆ ಬಹಳ ಹೊತ್ತು ಜೊತೆಗಿತ್ತು. ಎತ್ತಿನಗಾಡಿಗಳಲ್ಲಿ ಉಪ್ಪಿನ ಮರುಭೂಮಿ ದಾಟುತ್ತಿದ್ದ ವಲಸೆಗಾರರು ಅದರ ಬುಡದಲ್ಲಿ ನೀರಿದೆಯೆಂಬ ಭರವಸೆಯಿಂದ ಆ ಶಿಖರದ ಕಡೆಗೇ ನಡೆಯುತ್ತಿದ್ದರಂತೆ. ನೆವಾಡದ ಮಾಂಟೆಲೊದಲ್ಲಿ ಕಾಫಿ ಕುಡಿದೆವು. ವೆಂಡೋವರ್ ದಾಟಿದ ಮೇಲೆ ಬಾನವಿಲ್ ಉಪ್ಪಿನ ಬಯಲು ಶುರುವಾಯಿತು, ರಸ್ತೆಯ ಎರಡು ಬದಿಯೂ ಬಿಳಿ.

ಅಳಿಯ ಬಹಳ ಹೊತ್ತು ಸುಮ್ಮನೆ ಗಾಡಿ ಓಡಿಸಿದ. ಆಮೇಲೆ ಕೇಳಿದ.

“ಡಿಸೆಂಬರ್‌ನಲ್ಲಿ ಮಣ್ಣುರಸ್ತೆ ಮೇಲೆ ಹಿಮ ಇರುತ್ತಾ ಅತ್ತೆ?”

“ಇರಬಹುದು. ಯಾಕೆ?”

“ಇನ್ನೊಂದು ತುದೀಲಿ ಹುಟ್ಟೋದನ್ನೂ ನೋಡಬೇಕು. ನೀವು ಅಷ್ಟೊತ್ತಿಗೆ ಊರಿಗೆ ಹೋಗಿರ್ತೀರ. ಫೋಟೊ ಕಳಿಸ್ತೀನಿ.”

“ಫೋಟೊ ಬೇಡ. ಸ್ಟ್ಯಾಂಡ್ ಹಾಕಿ, ಅಲ್ಲಾಡಿಸದೆ, ಸೂರ್ಯ ಬರೋಕೆ ಅರ್ಧ ಗಂಟೆ ಮುಂಚಿಂದ ವಿಡಿಯೊ ಹಿಡಿ. ಪೂರ್ತಿ ಕಳಿಸು, ಕತ್ತರಿಸಬೇಡ.”